ಮಾತಿನ ಚಿಕಿತ್ಸೆಯೂ ರೋಗಿಯ ನುಡಿಯೂ

ಮನೋರೋಗಗಳ ಚಿಕಿತ್ಸೆಗೆ ಇಂದು ವೈದ್ಯನ ಕೈಯಲ್ಲಿ ಹಲವು ಸಾಧನಗಳಿವೆ. ಔಷಧಗಳಿವೆ, ವಿದ್ಯುತ್ ಚಿಕಿತ್ಸೆಯಿದೆ, ನಡವಳಿಕೆಯನ್ನು ಹಂತಹಂತವಾಗಿ ತಿದ್ದುವ ಅಭ್ಯಾಸಕ್ರಮಗಳಿವೆ. ಇವುಗಳ ನಡುವೆ ಮಾತನ್ನಲ್ಲದೆ ಬೇರಾವ ದ್ರವ್ಯವನ್ನೂ ಬಳಸದ ಚಿಕಿತ್ಸೆಯೊಂದಿದೆ. ಅಲ್ಲಿ ರೋಗಿ ಮಾತನಾಡುತ್ತಾನೆ. ಚಿಕಿತ್ಸಕ ಕೇಳುತ್ತಾನೆ, ಆಗೊಮ್ಮೆ ಈಗೊಮ್ಮೆ ತಾನೂ ಒಂದೆರಡು ಮಾತನಾಡುತ್ತಾನೆ. ವಾರಕ್ಕೆ ಒಂದು ಸಲವೋ ಹಲವು ಸಲವೋ, ಸುಮಾರು ಐವತ್ತು ನಿಮಿಷಗಳ ಈ ಭೇಟಿ ತಿಂಗಳುಗಟ್ಟಲೆ, ಒಮ್ಮೊಮ್ಮೆ ವರ್ಷಗಟ್ಟಲೆ ನಡೆಯುತ್ತದೆ. ಸಿಗ್ಮಂಡ್ ಫ್ರಾಯ್ಡನ ಮನೋವಿಶ್ಲೇಷಣೆಯಿಂದ ಹುಟ್ಟಿ ಅನಂತರ ಹಲವು ಕವಲುಗಳಾಗಿ ಒಡೆದ ಇಂಥ ಪದ್ಧತಿಗಳನ್ನು ಒಟ್ಟಾಗಿ ಮನೋಗತಿಕ ಚಿಕಿತ್ಸೆ ಎಂದು ಕರೆಯಬಹುದು. ಮನಸ್ಸು ನಿಂತ ನೀರಲ್ಲ, ಒಂದಕ್ಕೊಂದು ಎದುರಾಗಿ ಹರಿಯುವ ಶಕ್ತಿಗಳ ಗತಿ ಎಂಬ ತಿಳುವಳಿಕೆಯೇ ಈ ಹೆಸರಿಗೆ ಕಾರಣ.

ಶಸ್ತ್ರವೈದ್ಯನಿಗೆ ರೋಗಿಯ ಭಾಷೆ ಬಾರದಿದ್ದರೂ ಅಪೆಂಡಿಕ್ಸನ್ನು ಕತ್ತರಿಸಿ ತೆಗೆಯಲು ಅಡ್ಡಿಯಿಲ್ಲ. ಮಾತೇ ಔಷಧವೂ ಮಾತೇ ಶಸ್ತ್ರವೂ ಆಗಿರುವಲ್ಲಿ ಸ್ಥಿತಿ ಬೇರೆ. ಆ ಮಾತು ಯಾವ ನುಡಿಯದು, ರೋಗಿ ಅದನ್ನು ತನ್ನ ಬಾಳಿನ ಯಾವ ಘಟ್ಟದಲ್ಲಿ ಯಾರಿಂದ ಕಲಿತನು, ಯಾವ ಸಂಗತಿಯನ್ನು ಯಾವ ನುಡಿಯಲ್ಲಿ ಹೇಳಲು ಹಿಂಜರಿಯುತ್ತಾನೆ ಎಂಬ ಪ್ರಶ್ನೆಗಳು ಅಲ್ಲಿ ಚಿಕಿತ್ಸೆಯ ಹೊರಗಿನವಲ್ಲ, ಒಳಗಿನವು. ಮನೆಯಲ್ಲಿ ಒಂದು, ಬೀದಿಯಲ್ಲಿ ಇನ್ನೊಂದು, ಕಚೇರಿಯಲ್ಲಿ ಮತ್ತೊಂದು ಭಾಷೆಯನ್ನಾಡಿಕೊಂಡು ಬಾಳುವ ಹೊರನಾಡ ಕನ್ನಡಿಗರಿಗೆ ಈ ಪ್ರಶ್ನೆ ಕೇವಲ ವಿದ್ವತ್ತಿನದಲ್ಲ. ಅದನ್ನು ಬಿಡಿಸುವ ಮುನ್ನ ಈ ಚಿಕಿತ್ಸೆಯ ಕ್ರಮವನ್ನು ಸಂಗ್ರಹವಾಗಿ ತಿಳಿಯುವುದು ಅವಶ್ಯ.

ಮನುಷ್ಯನ ಬಯಕೆ, ಭಯ, ಕೋಪಗಳಲ್ಲಿ ಕೆಲವು ಅವನಿಗೇ ಸಹಿಸಲಾಗದಷ್ಟು ನೋವಿನವಾಗಿರುತ್ತವೆ. ಅಂಥವನ್ನು ಮನಸ್ಸು ಅರಿವಿನಿಂದ ಆಚೆಗೆ ತಳ್ಳುತ್ತದೆ, ಇದೇ ದಮನ. ತಳ್ಳಲ್ಪಟ್ಟದ್ದು ನಾಶವಾಗುವುದಿಲ್ಲ. ಅದು ಕನಸಾಗಿ, ನಾಲಗೆಯ ತಪ್ಪಾಗಿ, ಕಾರಣ ತಿಳಿಯದ ದಿಗಿಲಾಗಿ, ಮೈಯ ನೋವಾಗಿ ವೇಷ ಮರೆಸಿಕೊಂಡು ಮರಳುತ್ತದೆ. ಮನಸ್ಸಿಗೆ ಬಂದುದನ್ನು ಆರಿಸದೆ, ಅಳೆಯದೆ, ನಾಚದೆ ಹೇಳುತ್ತ ಹೋಗಬೇಕೆಂಬುದು ರೋಗಿಗಿರುವ ಒಂದೇ ಕಟ್ಟಳೆ. ಇದನ್ನು ಪಾಲಿಸುವುದು ಕಷ್ಟ. ರೋಗಿ ಇದ್ದಕ್ಕಿದ್ದಂತೆ ಸುಮ್ಮನಾಗುತ್ತಾನೆ, ಮಾತು ಬದಲಿಸುತ್ತಾನೆ, ತಡವಾಗಿ ಬರುತ್ತಾನೆ. ಇದಕ್ಕೆ ಪ್ರತಿರೋಧವೆಂದು ಹೆಸರು. ಬಾಗಿಲು ಮುಚ್ಚಿರುವ ಕಡೆಯೇ ಕೋಣೆಯಿದೆ ಎಂದು ತಿಳಿದು ಚಿಕಿತ್ಸಕನು ಆ ಪ್ರತಿರೋಧವನ್ನೇ ಗಮನಿಸುತ್ತಾನೆ.

ಮೇಲಧಿಕಾರಿಯ ಮುಂದೆ ನಿಂತೊಡನೆ ಬೆವರಿ, ಮಾತು ತೊದಲಿ, ಹೊಟ್ಟೆಯಲ್ಲಿ ಸಂಕಟವಾಗುವ ಒಬ್ಬ ಗುಮಾಸ್ತನನ್ನು ಉದಾಹರಣೆಗಾಗಿ ಕಲ್ಪಿಸಿಕೊಳ್ಳಬಹುದು. ಅವನಿಗೆ ಧೈರ್ಯ ಹೇಳಿದವರು ಅನೇಕರು; ಫಲವಿಲ್ಲ. ಚಿಕಿತ್ಸೆಗೆ ಬಂದ ಮೇಲೆ ಕೆಲವು ವಾರಗಳಲ್ಲಿ ಅವನು ಚಿಕಿತ್ಸಕನ ಮುಂದೆಯೂ ಹಾಗೆಯೇ ಬೆವರತೊಡಗುತ್ತಾನೆ. ಚಿಕಿತ್ಸಕನು ಗದರಿಲ್ಲ, ಗದರುವಂಥ ಮಾತನ್ನೂ ಆಡಿಲ್ಲ. ಆದರೂ ಗುಮಾಸ್ತನ ಮನಸ್ಸು ಬಾಲ್ಯದಲ್ಲಿ ತಂದೆಯ ಮುಂದೆ ನಿಂತ ಅನುಭವವನ್ನು ಈ ಕೋಣೆಗೆ ಸಾಗಿಸಿ ತಂದಿದೆ. ಹಳೆಯ ಸಂಬಂಧವನ್ನು ಹೊಸ ವ್ಯಕ್ತಿಯ ಮೇಲೆ ಹೀಗೆ ಹೊರಿಸುವುದೇ ಭಾವಸಂಕ್ರಮಣ. ಹಿಂದೆ ನಡೆದುದನ್ನು ಅವನು ಈಗ ನೆನೆಯುತ್ತಿಲ್ಲ, ಮತ್ತೆ ನಡೆಸುತ್ತಿದ್ದಾನೆ. ಕಣ್ಣ ಮುಂದೆಯೇ ನಡೆಯುತ್ತಿರುವುದರಿಂದ ಅದನ್ನು ಆ ಕ್ಷಣದಲ್ಲೇ ತೋರಿಸಿಕೊಡಬಹುದು. ಒಮ್ಮೆ ತೋರಿಸಿದರೆ ಸಾಲದು. ಬೇರೆ ಬೇರೆ ಸಂದರ್ಭಗಳಲ್ಲಿ ಮತ್ತೆ ಮತ್ತೆ ಎದುರಾದಾಗಲೆಲ್ಲ ತಾಳ್ಮೆಯಿಂದ ಬಿಡಿಸಬೇಕು. ನೆನೆಯುವುದು, ಪುನರಾವರ್ತಿಸುವುದು, ಪರಿಶ್ರಮದಿಂದ ಬಿಡಿಸಿಕೊಳ್ಳುವುದು ಎಂಬ ಮೂರು ಹಂತಗಳನ್ನು ಫ್ರಾಯ್ಡ್ ೧೯೧೪ರ ಒಂದು ಪ್ರಬಂಧದಲ್ಲಿ ವಿವರಿಸಿದನು. ಈ ಚಿಕಿತ್ಸೆಗೆ ಕಾಲ ಹಿಡಿಯುವುದು ಮೂರನೆಯ ಹಂತದಿಂದಲೇ.

ಈ ಚಿಕಿತ್ಸೆಯ ಮೊದಲ ಪ್ರಕರಣವೆಂದು ಗಣನೆಗೆ ಬಂದಿರುವುದು ಒಂದು ಭಾಷೆಯನ್ನು ಕಳೆದುಕೊಂಡ ಕಥೆಯೂ ಹೌದೆಂಬುದನ್ನು ಅನೇಕರು ಗಮನಿಸುವುದಿಲ್ಲ. ವಿಯೆನ್ನಾ ನಗರದ ವೈದ್ಯ ಯೋಸೆಫ್ ಬ್ರಾಯರ್ ೧೮೮೦ರ ಕೊನೆಯಿಂದ ೧೮೮೨ರ ಜೂನ್‌ವರೆಗೆ ಒಬ್ಬ ತರುಣಿಗೆ ಚಿಕಿತ್ಸೆ ಮಾಡಿದನು. ೧೮೯೫ರಲ್ಲಿ ಬ್ರಾಯರ್ ಮತ್ತು ಫ್ರಾಯ್ಡ್ ಕೂಡಿ ಪ್ರಕಟಿಸಿದ ಹಿಸ್ಟೀರಿಯಾ ಕುರಿತ ಗ್ರಂಥದಲ್ಲಿ ಆಕೆಯನ್ನು ಅನ್ನಾ ಓ. ಎಂಬ ಕಲ್ಪಿತ ಹೆಸರಿನಿಂದ ಕರೆಯಲಾಯಿತು. ಆಕೆ ಬೆರ್ತಾ ಪಾಪೆನ್‌ಹೈಮ್ ಎಂಬುದನ್ನು ೧೯೫೩ರಲ್ಲಿ ಅರ್ನೆಸ್ಟ್ ಜೋನ್ಸ್ ಬಹಿರಂಗಪಡಿಸಿದನು.

ಬೆರ್ತಾಳ ತಂದೆ ೧೮೮೦ರ ಬೇಸಿಗೆಯಲ್ಲಿ ಹಾಸಿಗೆ ಹಿಡಿದನು. ಒಂದು ರಾತ್ರಿ ಆಕೆ ಹಾಸಿಗೆಯ ಪಕ್ಕದಲ್ಲಿ ಕುಳಿತು ಅವನನ್ನು ಕಾಯುತ್ತಿದ್ದಳು. ಬಲತೋಳು ಕುರ್ಚಿಯ ಬೆನ್ನಿನ ಮೇಲೆ ಜೋಮು ಹಿಡಿದು ಬಿದ್ದಿತ್ತು. ಅರೆನಿದ್ದೆಯಲ್ಲಿ ಕರಿಯ ಹಾವೊಂದು ತಂದೆಯತ್ತ ಸರಿಯುವಂತೆ ಕಂಡಿತು. ಓಡಿಸಲು ಹೋದರೆ ಕೈ ಏಳದು. ಪ್ರಾರ್ಥಿಸಲು ಹೋದರೆ ಮಾತು ಹೊರಡದು. ಕೊನೆಗೆ ನೆನಪಿಗೆ ಬಂದುದು ಮಕ್ಕಳ ಒಂದು ಇಂಗ್ಲಿಷ್ ಪದ್ಯ ಮಾತ್ರ. ಅಂದಿನಿಂದ ಬೆಳೆದ ಕಾಯಿಲೆಯಲ್ಲಿ ಬಲತೋಳು ಸ್ವಾಧೀನ ತಪ್ಪಿತು, ದೃಷ್ಟಿ ಮಂಕಾಯಿತು, ತಾಯ್ನುಡಿಯಾದ ಜರ್ಮನ್ ನಾಲಗೆಯಿಂದ ಜಾರಿತು. ಆಕೆ ಇಂಗ್ಲಿಷನ್ನು ಮಾತ್ರ ಆಡತೊಡಗಿದಳು. ಫ್ರೆಂಚ್ ಅಥವಾ ಇಟಾಲಿಯನ್ ಪುಸ್ತಕವನ್ನು ಕೊಟ್ಟು ಗಟ್ಟಿಯಾಗಿ ಓದಲು ಹೇಳಿದರೆ, ಅದನ್ನು ಸರಾಗವಾಗಿ ಇಂಗ್ಲಿಷಿಗೆ ತಿರುಗಿಸಿ ಓದುತ್ತಿದ್ದಳು.

ಬ್ರಾಯರ್ ಪ್ರತಿಸಂಜೆ ಬಂದು ಆಕೆಯ ಮಾತು ಕೇಳುತ್ತಿದ್ದನು. ಒಂದೊಂದು ಲಕ್ಷಣದ ಮೂಲವನ್ನೂ ಹಿಂದೆ ಹಿಂದೆ ಅರಸಿಕೊಂಡು ಹೋಗಿ, ಅದು ಮೊದಲು ಕಾಣಿಸಿದ ಸಂದರ್ಭವನ್ನು ಭಾವಸಮೇತ ಹೇಳಿದರೆ ಆ ಲಕ್ಷಣ ಮಾಯವಾಗುತ್ತಿತ್ತೆಂದು ಅವನು ಬರೆದಿದ್ದಾನೆ. ಬಾಯಾರಿದರೂ ಲೋಟದ ನೀರನ್ನು ಕುಡಿಯಲಾಗದಿದ್ದ ಆಕೆ, ಮನೆಯಲ್ಲಿದ್ದ ಆಂಗ್ಲ ಒಡನಾಡಿಯ ನಾಯಿಮರಿ ಲೋಟದಲ್ಲಿ ಬಾಯಿಟ್ಟಿದ್ದ ಸಂಗತಿಯನ್ನು ಅಡಗಿಸಿದ್ದ ಅಸಹ್ಯದೊಡನೆ ಹೇಳಿಕೊಂಡ ಮೇಲೆ ನೀರು ಕುಡಿದಳು. ಈ ಕ್ರಮಕ್ಕೆ ಮಾತಿನ ಚಿಕಿತ್ಸೆ ಎಂಬ ಹೆಸರಿಟ್ಟವಳು ವೈದ್ಯಳಲ್ಲ, ರೋಗಿ. ಅದನ್ನೇ ಹೊಗೆಗೂಡನ್ನು ಗುಡಿಸುವುದೆಂದೂ ಹಾಸ್ಯವಾಗಿ ಹೇಳುತ್ತಿದ್ದಳು. ಎರಡು ಹೆಸರುಗಳನ್ನೂ ಆಕೆ ಇಟ್ಟದ್ದು ಇಂಗ್ಲಿಷಿನಲ್ಲಿ. ಜರ್ಮನ್ ಗ್ರಂಥದಲ್ಲಿ ಅವು ಇಂಗ್ಲಿಷಿನಲ್ಲಿಯೇ ಅಚ್ಚಾಗಿವೆ. ಒಂದು ಮಹಾಪದ್ಧತಿಗೆ ಹೆಸರು ದೊರೆತದ್ದು, ತಾಯ್ನುಡಿಯಲ್ಲಿ ಮಾತನಾಡಲಾರದೆ ಪರನುಡಿಯ ಆಸರೆ ಹಿಡಿದಿದ್ದ ಹೆಣ್ಣುಮಗಳ ಬಾಯಿಂದ. ಕಡೆಗೆ ಹಾವಿನ ರಾತ್ರಿಯನ್ನು ಮತ್ತೆ ಕಣ್ಣಿಗೆ ತಂದುಕೊಂಡೊಡನೆ ಆಕೆ ಜರ್ಮನ್ ಮಾತನಾಡಿದಳೆಂದು ಬ್ರಾಯರನ ವರದಿ ಹೇಳುತ್ತದೆ.

ಕಥೆ ಇಷ್ಟು ಸುಖವಾಗಿ ಮುಗಿಯಲಿಲ್ಲ. ೧೮೮೨ರ ಜುಲೈಯಲ್ಲಿಯೇ ಆಕೆಯನ್ನು ಸ್ವಿಟ್ಜರ್ಲೆಂಡಿನ ಕ್ರೊಯ್ಟ್ಸ್‌ಲಿಂಗೆನ್‌ನ ಬೆಲ್‌ವ್ಯೂ ಆರೋಗ್ಯಧಾಮಕ್ಕೆ ಸೇರಿಸಬೇಕಾಯಿತು ಎಂಬುದನ್ನು ೧೯೭೨ರಲ್ಲಿ ಇತಿಹಾಸಕಾರ ಹೆನ್ರಿ ಎಲೆನ್‌ಬರ್ಗರ್ ಅಲ್ಲಿನ ದಾಖಲೆಗಳಿಂದ ತೋರಿಸಿಕೊಟ್ಟನು. ನೋವಿಗೆ ಕೊಟ್ಟ ಮಾರ್ಫಿನ್ ಚಟವಾಗಿ ಹಿಡಿದಿತ್ತು. ಜರ್ಮನ್ ನುಡಿ ಅಲ್ಲಿಯೂ ಆಗಾಗ ತಪ್ಪುತ್ತಿತ್ತು. ಮುಂದೆ ಗುಣ ಹೊಂದಿ, ೧೯೦೪ರಲ್ಲಿ ಜರ್ಮನಿಯ ಯಹೂದಿ ಮಹಿಳೆಯರ ಸಂಘಟನೆಯನ್ನು ಸ್ಥಾಪಿಸಿ, ನಿರ್ಗತಿಕ ಹೆಣ್ಣುಮಕ್ಕಳಿಗಾಗಿ ದುಡಿದು ೧೯೩೬ರಲ್ಲಿ ತೀರಿಕೊಂಡಳು. ಆದ್ದರಿಂದ ಈ ಪ್ರಕರಣವನ್ನು ಸಿದ್ಧಿಯ ಸಾಕ್ಷ್ಯವಾಗಿ ಉಲ್ಲೇಖಿಸುವುದು ಸಲ್ಲದು. ನೆನಪು ಹೊರಬಂದ ಮಾತ್ರಕ್ಕೆ ರೋಗ ಹೋಗುವುದಿಲ್ಲ ಎಂಬ ಪಾಠಕ್ಕೆ ಅದು ಒಳ್ಳೆಯ ಸಾಕ್ಷ್ಯ.

ಆ ಪಾಠದ ಉತ್ತರಾರ್ಧ ಮತ್ತೊಂದು ಸೋಲಿನಿಂದ ಬಂದಿತು. ೧೯೦೦ನೆಯ ಇಸವಿಯಲ್ಲಿ ಫ್ರಾಯ್ಡನ ಬಳಿಗೆ ತಂದೆಯ ಒತ್ತಾಯದಿಂದ ಬಂದ ಹದಿನೆಂಟು ವರ್ಷದ ಡೋರಾ, ಸುಮಾರು ಮೂರು ತಿಂಗಳಿಗೇ, ಡಿಸೆಂಬರ್ ೩೧ರಂದು, ಚಿಕಿತ್ಸೆಯನ್ನು ತಾನಾಗಿ ನಿಲ್ಲಿಸಿ ಹೊರಟುಹೋದಳು. ಕನಸುಗಳ ಅರ್ಥವನ್ನು ಬಿಡಿಸುವುದರಲ್ಲಿ ಮಗ್ನನಾಗಿದ್ದ ತಾನು, ಆಕೆಗೆ ಬೇರೊಬ್ಬ ಗಂಡಸಿನ ಮೇಲಿದ್ದ ಸಿಟ್ಟು ತನ್ನ ಮೇಲೆ ತಿರುಗಿದ್ದನ್ನು ಕಾಣದೆ ಹೋದೆನೆಂದು ಫ್ರಾಯ್ಡ್ ೧೯೦೫ರಲ್ಲಿ ಪ್ರಕಟವಾದ ವರದಿಯ ಕೊನೆಯಲ್ಲಿ ಒಪ್ಪಿಕೊಂಡನು. ಭಾವಸಂಕ್ರಮಣವು ಅಡ್ಡಿಯೂ ಹೌದು, ಅದಕ್ಕಿಂತ ದೊಡ್ಡ ಸಾಧನವೂ ಹೌದು ಎಂಬ ವಿಚಾರ ಇಲ್ಲಿಂದ ನೆಲೆಗೊಂಡಿತು. ಇಂದಿನ ಮನೋಗತಿಕ ಚಿಕಿತ್ಸಕನು ರೋಗಿ ಹೇಳಿದ ಸಂಗತಿಯಷ್ಟೇ, ಅದನ್ನು ಯಾರಿಗೆ ಹೇಗೆ ಹೇಳುತ್ತಿದ್ದಾನೆ ಎಂಬುದನ್ನೂ ಗಮನಿಸುವುದು ಇದರಿಂದಲೇ. ನುಡಿಯ ಪ್ರಶ್ನೆ ಚಿಕಿತ್ಸೆಯ ನಡುವಿಗೆ ಬರುವುದೂ ಇಲ್ಲಿಯೇ; ಏಕೆಂದರೆ ಪ್ರತಿಯೊಂದು ನುಡಿಯ ಹಿಂದೆಯೂ ಅದನ್ನು ಮೊದಲು ತನ್ನೊಡನೆ ಆಡಿದ ಒಬ್ಬ ವ್ಯಕ್ತಿಯಿರುತ್ತಾನೆ.

ಮರೆತ ನುಡಿಯೂ ಒಳಗೆ ಕೆಲಸ ಮಾಡುತ್ತಲೇ ಇರಬಲ್ಲದು ಎಂಬುದಕ್ಕೆ ಫ್ರಾಯ್ಡನ ೧೯೨೭ರ ಒಂದು ಸಣ್ಣ ಪ್ರಬಂಧದಲ್ಲಿ ನಿದರ್ಶನವಿದೆ. ಒಬ್ಬ ರೋಗಿಗೆ ಮೂಗಿನ ಮೇಲಿನ ಹೊಳಪು ವಿಚಿತ್ರವಾದ ಆಕರ್ಷಣೆಯ ವಸ್ತುವಾಗಿತ್ತು. ಹೊಳಪಿಗೆ ಜರ್ಮನ್ ಭಾಷೆಯಲ್ಲಿ ಗ್ಲಾನ್ಜ್ ಎಂದು ಹೆಸರು. ಆದರೆ ಆ ಮನುಷ್ಯನ ಶೈಶವ ಕಳೆದಿದ್ದುದು ಇಂಗ್ಲಿಷ್ ಪರಿಸರದಲ್ಲಿ. ಅನಂತರ ಜರ್ಮನಿಗೆ ಬಂದು ಆ ಮೊದಲ ನುಡಿಯನ್ನು ಹೆಚ್ಚುಕಡಿಮೆ ಪೂರ್ತಿ ಮರೆತಿದ್ದನು. ಇಂಗ್ಲಿಷಿನ ಗ್ಲಾನ್ಸ್ ಎಂಬ ಮಾತಿಗೆ ನೋಟವೆಂದರ್ಥ. ಮೂಗಿನ ಹೊಳಪಿನ ಒಳಗೆ ಅಡಗಿದ್ದುದು ಮೂಗಿನತ್ತ ಬೀರಿದ ನೋಟ. ಲಕ್ಷಣವನ್ನು ಓದಬೇಕಾದರೆ ರೋಗಿಯೇ ಮರೆತಿದ್ದ ಭಾಷೆಯಲ್ಲಿ ಓದಬೇಕಾಯಿತು. ಆ ಭಾಷೆ ತಿಳಿಯದ ಚಿಕಿತ್ಸಕನು ಎಷ್ಟೇ ಜಾಣನಾಗಿದ್ದರೂ ಇಲ್ಲಿ ಕಿವುಡನೇ.

ಮೂವತ್ತರ ದಶಕದ ಕೊನೆಗೆ ಇತಿಹಾಸವೇ ಈ ಪ್ರಶ್ನೆಯನ್ನು ದೊಡ್ಡ ಪ್ರಮಾಣದಲ್ಲಿ ಒಡ್ಡಿತು. ೧೯೩೮ರಲ್ಲಿ ಆಸ್ಟ್ರಿಯಾ ನಾಜಿಗಳ ವಶವಾದಾಗ ಫ್ರಾಯ್ಡ್ ಲಂಡನ್ನಿಗೆ ವಲಸೆ ಹೋದನು. ಮರುವರ್ಷ ಅಲ್ಲಿಯೇ ತೀರಿಕೊಂಡನು. ವಿಯೆನ್ನಾ, ಬರ್ಲಿನ್‌ಗಳ ಮನೋವಿಶ್ಲೇಷಕರಲ್ಲಿ ಬಹುಮಂದಿ ಇಂಗ್ಲೆಂಡ್, ಅಮೆರಿಕಗಳಲ್ಲಿ ನೆಲಸಿದರು. ತಾವು ಮೊದಲು ಕಲಿಯದ ನುಡಿಯಲ್ಲಿ ಅವರು ಚಿಕಿತ್ಸೆ ನಡೆಸಬೇಕಾಯಿತು; ಅವರ ರೋಗಿಗಳಲ್ಲಿ ಹಲವರೂ ವಲಸಿಗರೇ. ಹಾಗೆ ಅಮೆರಿಕಕ್ಕೆ ಹೋದ ಎಡಿತ್ ಬಕ್ಸ್‌ಬಾಮ್, ಎರಡನೆಯ ಭಾಷೆ ವ್ಯಕ್ತಿತ್ವದ ರಚನೆಯಲ್ಲಿ ವಹಿಸುವ ಪಾತ್ರವನ್ನು ಕುರಿತು ೧೯೪೯ರಲ್ಲಿ ಬರೆದಳು. ಜರ್ಮನ್ ಬಲ್ಲ ವಿಶ್ಲೇಷಕಿಯ ಮುಂದೆಯೂ ರೋಗಿಗಳು ಇಂಗ್ಲಿಷನ್ನೇ ಹಿಡಿದುಕೊಂಡಿರುವುದುಂಟು. ಆ ಹಟವೇ ಬಾಲ್ಯದ ನೆನಪುಗಳಿಗೆ ಹಾಕಿದ ಅಗುಳಿಯಾಗಿರುತ್ತದೆ ಎಂಬುದು ಆಕೆಯ ಪ್ರತಿಪಾದನೆ. ೧೯೫೦ರಲ್ಲಿ ರಾಲ್ಫ್ ಗ್ರೀನ್‌ಸನ್ ತಾಯಿ ಮತ್ತು ತಾಯ್ನುಡಿಗಳ ಸಂಬಂಧವನ್ನು ಕುರಿತು ಬರೆದ ಪ್ರಬಂಧದಲ್ಲಿ ಆಸ್ಟ್ರಿಯಾ ಮೂಲದ ಒಬ್ಬ ಹೆಂಗಸಿನ ವೃತ್ತಾಂತವಿದೆ. ಇಂಗ್ಲಿಷಿನಲ್ಲಿ ಮಾತನಾಡುವಾಗ ಆಕೆಗೆ ತಾನು ನಾಜೂಕಾದ ಗೃಹಸ್ಥೆ; ಜರ್ಮನ್ ಮಾತನಾಡಿದರೆ ಅಂಜುಬುರುಕಿಯಾದ, ಕೊಳಕಾದ ಮಗು. ಆದ್ದರಿಂದಲೇ ಆಕೆ ಜರ್ಮನ್ ಭಾಷೆಯನ್ನು ದೂರವಿಟ್ಟಿದ್ದಳು. ಚಿಕಿತ್ಸೆ ಆ ಮಗುವನ್ನು ತಲಪಬೇಕಾದರೆ ಆ ನುಡಿಗೆ ಹೋಗಲೇಬೇಕಾಗಿತ್ತು.

ಇದು ವಿಶ್ಲೇಷಕರ ಕಲ್ಪನೆಯೆಂದು ತಳ್ಳಿಹಾಕುವವರಿಗೆ ಪ್ರಯೋಗಶಾಲೆಯ ಪುರಾವೆಯೂ ದೊರೆತಿದೆ. ಭಾವ ಕಲಕಿದಾಗ ಚರ್ಮದ ಬೆವರು ಸೂಕ್ಷ್ಮವಾಗಿ ಹೆಚ್ಚಿ, ಚರ್ಮದ ವಿದ್ಯುದ್ವಾಹಕತೆ ಏರುತ್ತದೆ. ೨೦೦೩ರಲ್ಲಿ ಕ್ಯಾಥರಿನ್ ಹ್ಯಾರಿಸ್ ಮತ್ತು ಸಂಗಡಿಗರು, ಬಾಲ್ಯ ಕಳೆದ ಮೇಲೆ ಇಂಗ್ಲಿಷ್ ಕಲಿತ ತುರ್ಕಿ ಭಾಷಿಕರಿಗೆ ಎರಡೂ ಭಾಷೆಗಳ ಪದಗಳನ್ನು ಕೇಳಿಸಿ, ತೋರಿಸಿ ಈ ಏರಿಕೆಯನ್ನು ಅಳೆದರು. ನಿಷಿದ್ಧ ಪದಗಳಿಗೂ, ವಿಶೇಷವಾಗಿ ಮಕ್ಕಳನ್ನು ಗದರುವ ಮಾತುಗಳಿಗೂ, ತಾಯ್ನುಡಿಯಲ್ಲಿ ಮೈ ಹೆಚ್ಚು ಪ್ರತಿಕ್ರಿಯೆ ತೋರಿತು. ಮುಂದಿನ ವರ್ಷ ಸ್ಪ್ಯಾನಿಷ್ ಮತ್ತು ಇಂಗ್ಲಿಷ್ ಭಾಷಿಕರಲ್ಲಿ ನಡೆಸಿದ ಪರೀಕ್ಷೆಯಲ್ಲಿ, ಎಳವೆಯಲ್ಲಿಯೇ ಎರಡನ್ನೂ ಕಲಿತವರಲ್ಲಿ ಇಂಥ ವ್ಯತ್ಯಾಸ ಕಾಣಲಿಲ್ಲ. ಮಾತಿಗೆ ಭಾವದ ಕಾವು ಬರುವುದು ಜನಾಂಗದಿಂದಲ್ಲ, ರಕ್ತದಿಂದಲ್ಲ. ಅದನ್ನು ಕಲಿತ ವಯಸ್ಸಿನಿಂದ, ಕಲಿತ ಮಡಿಲಿನಿಂದ ಎಂಬುದು ಇದರ ತಾತ್ಪರ್ಯ.

ಇಷ್ಟರಿಂದ ತಾಯ್ನುಡಿಯೇ ಯಾವಾಗಲೂ ಮೇಲು ಎಂದು ತೀರ್ಮಾನಿಸುವುದು ಆತುರ. ಕಾವು ಹೆಚ್ಚಾದಲ್ಲಿ ಮುಟ್ಟುವುದೂ ಕಷ್ಟ. ಬಾಲ್ಯದಲ್ಲಿ ನಡೆದ ಅತ್ಯಾಚಾರವನ್ನು, ಸಂಭೋಗಕ್ಕೆ ಸಂಬಂಧಿಸಿದ ಅಳುಕನ್ನು, ಹೆತ್ತವರ ಮೇಲಿನ ದ್ವೇಷವನ್ನು ತಾಯ್ನುಡಿಯಲ್ಲಿ ಉಚ್ಚರಿಸಲಾರದವರು ತಣ್ಣನೆಯ ಪರನುಡಿಯಲ್ಲಿ ಮೊದಲ ಬಾರಿಗೆ ಹೇಳಿಬಿಡಬಲ್ಲರು. ಬೆರ್ತಾಳಿಗೆ ಇಂಗ್ಲಿಷ್ ಇಲ್ಲದಿದ್ದರೆ ಮೌನವೇ ಗತಿಯಾಗುತ್ತಿತ್ತೇನೋ. ಪರನುಡಿಯು ಕೆಲವೊಮ್ಮೆ ಕೋಟೆಯ ಗೋಡೆ, ಕೆಲವೊಮ್ಮೆ ಅದೇ ಗೋಡೆಯ ದಿಡ್ಡಿಬಾಗಿಲು. ಇಟಲಿಯಲ್ಲಿ ಅಮಾಟಿ ಮೇಲರ್, ಅರ್ಜೆಂಟಿಯೇರಿ, ಕನೆಸ್ತ್ರಿ ಎಂಬ ಮೂವರು ವಿಶ್ಲೇಷಕರು ೧೯೯೦ರಲ್ಲಿ ಹೊರತಂದ ಗ್ರಂಥ ಈ ಎರಡು ಮುಖಗಳನ್ನೂ ವಿಸ್ತಾರವಾಗಿ ಪರಿಶೀಲಿಸಿದೆ. ರೋಗಿ ನಡುವೆ ಯಾವಾಗ ಭಾಷೆ ಬದಲಿಸಿದನು, ಏಕೆ ಬದಲಿಸಿದನು ಎಂಬುದನ್ನು ಚಿಕಿತ್ಸಕನು ಗಮನಿಸಬೇಕಾದುದು ಮುಖ್ಯ. ಇಂಥ ನುಡಿಯಲ್ಲೇ ಮಾತನಾಡೆಂದು ಆಜ್ಞಾಪಿಸುವುದಲ್ಲ.

ಭಾರತಕ್ಕೆ ಈ ಚಿಕಿತ್ಸೆ ಬಂದುದು ಬಹಳ ಮುಂಚೆಯೇ. ಗಿರೀಂದ್ರಶೇಖರ ಬೋಸರು ೧೯೨೨ರಲ್ಲಿ ಕಲ್ಕತ್ತೆಯಲ್ಲಿ ಭಾರತೀಯ ಮನೋವಿಶ್ಲೇಷಣ ಸಂಘವನ್ನು ಸ್ಥಾಪಿಸಿದರು. ೧೯೪೦ರಲ್ಲಿ ಅದರ ಆಶ್ರಯದಲ್ಲಿ ಲುಂಬಿನಿ ಪಾರ್ಕ್ ಆಸ್ಪತ್ರೆ ಆರಂಭವಾಯಿತು. ಬೋಸರು ಫ್ರಾಯ್ಡನ ಅನುವಾದಕರಾಗಿ ಉಳಿಯಲಿಲ್ಲ. ಪ್ರತಿಯೊಂದು ಬಯಕೆಯೊಡನೆ ಅದರ ವಿರುದ್ಧ ಬಯಕೆಯೂ ಹುಟ್ಟುತ್ತದೆಂಬ ತಮ್ಮದೇ ಸಿದ್ಧಾಂತವನ್ನು ಕಟ್ಟಿದರು. ಐರೋಪ್ಯ ರೋಗಿಗಳಲ್ಲಿ ಎದ್ದು ಕಾಣುವ ಕೆಲವು ಭಯಗಳು ತಮ್ಮ ಭಾರತೀಯ ರೋಗಿಗಳಲ್ಲಿ ಅಷ್ಟಾಗಿ ಕಾಣವೆಂದು ೧೯೨೯ರಲ್ಲಿ ಫ್ರಾಯ್ಡನಿಗೇ ಬರೆದರು. ಕನಸುಗಳನ್ನು ಕುರಿತು ಬಂಗಾಳಿಯಲ್ಲಿಯೂ ಗ್ರಂಥ ರಚಿಸಿದರು. ಬೆಂಗಳೂರಿನಲ್ಲಿ ೧೯೫೪ರಲ್ಲಿ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆ ಡಾ. ಎಂ. ವಿ. ಗೋವಿಂದಸ್ವಾಮಿಯವರ ನಿರ್ದೇಶನದಲ್ಲಿ ಆರಂಭವಾಗಿ, ೧೯೭೪ರಲ್ಲಿ ನಿಮ್ಹಾನ್ಸ್ ಆಗಿ ರೂಪುಗೊಂಡಿತು. ಮನೋವೈದ್ಯ ಜೆ. ಎಸ್. ನೇಕಿಯವರು ೧೯೭೩ರಲ್ಲಿ, ಚಿಕಿತ್ಸಕ ಮತ್ತು ರೋಗಿಗಳ ನಂಟಿಗೆ ಗುರುಶಿಷ್ಯ ಸಂಬಂಧವು ಭಾರತೀಯ ಮಾದರಿಯಾಗಬಲ್ಲುದೇ ಎಂಬ ಚರ್ಚೆಯನ್ನು ಎತ್ತಿದರು. ಇವರೆಲ್ಲ ಕೇಳಿದ ಪ್ರಶ್ನೆಯ ಒಂದು ಮುಖವೇ ನುಡಿಯ ಪ್ರಶ್ನೆ.

ಕನ್ನಡದ ಮಟ್ಟಿಗೆ ಅದನ್ನು ನಿರ್ದಿಷ್ಟವಾಗಿ ಇಟ್ಟು ನೋಡಬಹುದು. ಮೇಲೆ ಹೇಳಿದ ಗುಮಾಸ್ತನು ಕನ್ನಡಿಗನೆಂದೂ, ಚಿಕಿತ್ಸೆ ಇಂಗ್ಲಿಷಿನಲ್ಲಿ ನಡೆಯುತ್ತಿದೆಯೆಂದೂ ಭಾವಿಸಿದರೆ, ಚಿಕಿತ್ಸಕನನ್ನೂ ತಂದೆಯನ್ನೂ ತಮ್ಮನನ್ನೂ ಅವನು ಒಂದೇ ಸರ್ವನಾಮದಿಂದ ಕರೆಯುತ್ತಾನೆ. ಕನ್ನಡದಲ್ಲಿ ಅವನು ನೀನು, ನೀವುಗಳಲ್ಲಿ ಒಂದನ್ನು ಆರಿಸಲೇಬೇಕು. ಕೆಲವು ಮನೆಗಳಲ್ಲಿ ತಂದೆ ನೀನು, ಕೆಲವು ಮನೆಗಳಲ್ಲಿ ನೀವು. ಅದುವರೆಗೆ ನೀವು ಎನ್ನುತ್ತಿದ್ದವನು ಕೋಪದ ಒಂದು ಗಳಿಗೆಯಲ್ಲಿ ನೀನು ಎಂದುಬಿಟ್ಟರೆ, ಭಾವಸಂಕ್ರಮಣ ಆ ಒಂದು ಅಕ್ಷರದಲ್ಲಿ ಬೆಳಕಿಗೆ ಬರುತ್ತದೆ. ಇಂಗ್ಲಿಷಿನಲ್ಲಿ ಆ ಗಳಿಗೆ ಸದ್ದಿಲ್ಲದೆ ಜಾರಿಹೋಗುತ್ತದೆ. ಹಾಗೆಯೇ ಸೋದರಮಾವ, ಚಿಕ್ಕಪ್ಪ, ದೊಡ್ಡಪ್ಪ ಮೂವರೂ ಅಲ್ಲಿ ಒಂದೇ ಹೆಸರಿನವರು; ತಂದೆಯ ಪಕ್ಷದ ಅಂಜಿಕೆ, ತಾಯಿಯ ಪಕ್ಷದ ಸಲಿಗೆಗಳ ಭೇದ ಅಳಿಸಿಹೋಗುತ್ತದೆ. ಹಳೆಯ ಮೈಸೂರಿನ ಕೆಲವು ಮನೆಗಳಲ್ಲಿ ತಂದೆಯನ್ನೇ ಅಣ್ಣ ಎಂದು ಕರೆಯುವ ವಾಡಿಕೆಯನ್ನು ತಿಳಿಯದವನಿಗೆ ಅಂಥ ಮನೆಯ ಕನಸೊಂದು ಅರ್ಥವೇ ಆಗದು.

ಮೈಯ ಮಾತುಗಳದು ಇನ್ನೂ ಸೂಕ್ಷ್ಮವಾದ ವಿಷಯ. ಹೊಟ್ಟೆ ಉರಿಯುತ್ತದೆ ಎಂದು ಕನ್ನಡದ ಹೆಂಗಸೊಬ್ಬಳು ಹೇಳಿದರೆ ಅದು ಅಜೀರ್ಣವಿರಬಹುದು, ಮಗನ ಸ್ಥಿತಿಯನ್ನು ಕಂಡ ತಾಯಿಯ ಸಂಕಟವಿರಬಹುದು, ಓರಗಿತ್ತಿಯ ಮೇಲಿನ ಅಸೂಯೆಯಿರಬಹುದು. ಮೂರನ್ನೂ ಒಂದೇ ಮಾತು ಹೊತ್ತಿದೆ. ಯಾವುದೆಂದು ಆಕೆಗೇ ತಿಳಿಯದಿರುವುದೇ ಆಕೆಯ ಕಾಯಿಲೆಯಿರಬಹುದು. ಇಂಗ್ಲಿಷಿಗೋ ಹಿಂದಿಗೋ ತಿರುಗಿಸುವವನು ಮೂರರಲ್ಲಿ ಒಂದನ್ನು ಆರಿಸಿ ಕೊಡಬೇಕಾಗುತ್ತದೆ. ಹಾಗೆ ಆರಿಸಿದೊಡನೆ ಮಾತಿನ ಎಳೆ ಕತ್ತರಿಸಿತು; ಜಠರಕ್ಕೆ ಔಷಧ ಬರೆದುಕೊಟ್ಟು ಆಕೆಯನ್ನು ಕಳುಹಿಸಿದ್ದಾಯಿತು. ಕರುಳು ಕಿವುಚುವುದು, ಎದೆ ಭಾರವಾಗುವುದು, ಜೀವ ನಿಲ್ಲದಿರುವುದು, ಬೇಜಾರಾಗುವುದು ಇವೆಲ್ಲ ಇಂಥವೇ. ಧಾರವಾಡದವರು ಆಡುವ ರೀತಿ ಒಂದು, ಮಂಡ್ಯದವರದು ಒಂದು, ಕರಾವಳಿಯವರದು ಮತ್ತೊಂದು. ಮುಂಬಯಿಯ ಕನ್ನಡಿಗರಲ್ಲಿ ಅನೇಕರಿಗೆ ಕನ್ನಡವು ಓದುಬರಹದ ಭಾಷೆ, ಮಡಿಲಿನ ಭಾಷೆ ತುಳು ಅಥವಾ ಕೊಂಕಣಿ ಎಂಬುದನ್ನೂ ಮರೆಯಬಾರದು. ಹೊರನಾಡಿನಲ್ಲೇ ಹುಟ್ಟಿ ಬೆಳೆದ ಮಕ್ಕಳಿಗೆ ಆಟದ ಭಾಷೆ ಮರಾಠಿಯೋ ತಮಿಳೋ ಆಗಿ, ಗದರಿಕೆಯ ಭಾಷೆ ಮಾತ್ರ ಕನ್ನಡವಾಗಿ ಉಳಿದಿರುವುದೂ ಉಂಟು. ಹೀಗಿರುವಲ್ಲಿ ನಿಮ್ಮ ತಾಯ್ನುಡಿ ಯಾವುದು ಎಂಬ ಅರ್ಜಿಯ ಪ್ರಶ್ನೆಗಿಂತ, ಸಣ್ಣವರಿದ್ದಾಗ ಯಾರು ನಿಮ್ಮೊಡನೆ ಯಾವ ಮಾತಿನಲ್ಲಿ ಮುನಿಯುತ್ತಿದ್ದರು, ಯಾವ ಮಾತಿನಲ್ಲಿ ಮುದ್ದಿಸುತ್ತಿದ್ದರು ಎಂಬ ಪ್ರಶ್ನೆ ಹೆಚ್ಚು ಉಪಯುಕ್ತ.

ಭಾಷೆ ಕೂಡಿಬಾರದ ಕಡೆ ಸಾಮಾನ್ಯವಾಗಿ ಮನೆಯವರೇ ದುಭಾಷಿಗಳಾಗುತ್ತಾರೆ. ಹೆಂಡತಿಯ ಮಾತನ್ನು ಗಂಡ, ಅತ್ತೆಯ ಮಾತನ್ನು ಸೊಸೆ, ತಾಯಿಯ ಮಾತನ್ನು ಶಾಲೆಯ ಹುಡುಗ ವೈದ್ಯನಿಗೆ ತಿಳಿಸುತ್ತಾರೆ. ಜ್ವರದ ವಿಷಯದಲ್ಲಿ ಇದು ನಡೆದೀತು. ಯಾರ ಮೇಲಿನ ನೋವೇ ರೋಗದ ಮೂಲವೋ ಅವರ ಬಾಯಿಂದಲೇ ಆ ನೋವು ಹೊರಬರಬೇಕೆಂದರೆ ಅದು ಎಂದಿಗೂ ಹೊರಬಾರದು. ೨೦೧೭ರ ಮಾನಸಿಕ ಆರೋಗ್ಯ ಪಾಲನಾ ಕಾಯಿದೆಯು, ತಿಳಿದು ನೀಡುವ ಒಪ್ಪಿಗೆಯನ್ನು ವ್ಯಾಖ್ಯಾನಿಸುವಾಗ, ಚಿಕಿತ್ಸೆಯ ಅಪಾಯ, ಪ್ರಯೋಜನ ಮತ್ತು ಪರ್ಯಾಯಗಳನ್ನು ರೋಗಿಗೆ ಅರ್ಥವಾಗುವ ಭಾಷೆ ಮತ್ತು ರೀತಿಯಲ್ಲಿ ತಿಳಿಸಬೇಕೆಂದು ವಿಧಿಸಿದೆ. ಒಪ್ಪಿಗೆ ಪಡೆಯುವುದಕ್ಕೇ ಇಷ್ಟು ಬೇಕೆಂದ ಮೇಲೆ, ಮಾತೇ ಚಿಕಿತ್ಸೆಯಾದಲ್ಲಿ ಎಷ್ಟು ಬೇಕೆಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ.

ನುಡಿಯೊಂದು ಕೂಡಿಬಂದರೆ ಎಲ್ಲ ರೋಗವೂ ಮಾತಿನಿಂದ ವಾಸಿಯಾಗುತ್ತದೆಂಬ ಭ್ರಮೆಯೂ ಬೇಡ. ಅಮೆರಿಕದ ಮೂತ್ರಪಿಂಡ ವೈದ್ಯ ರಾಫೆಲ್ ಓಶೆರಾಫ್ ೧೯೭೯ರಲ್ಲಿ ತೀವ್ರ ಖಿನ್ನತೆಯಿಂದ ಮೇರಿಲೆಂಡಿನ ಚೆಸ್ಟ್‌ನಟ್ ಲಾಡ್ಜ್ ಆಸ್ಪತ್ರೆ ಸೇರಿದಾಗ, ಅಲ್ಲಿ ಸುಮಾರು ಏಳು ತಿಂಗಳು ಔಷಧವಿಲ್ಲದೆ ಮಾತಿನ ಚಿಕಿತ್ಸೆಯನ್ನೇ ನಡೆಸಲಾಯಿತು. ಅವನ ಸ್ಥಿತಿ ಹದಗೆಟ್ಟಿತು. ಬೇರೊಂದು ಆಸ್ಪತ್ರೆಯಲ್ಲಿ ಔಷಧ ಕೊಟ್ಟ ಮೇಲೆ ಕೆಲವೇ ವಾರಗಳಲ್ಲಿ ಚೇತರಿಕೆ ಕಂಡಿತು. ಅವನು ಹೂಡಿದ ವ್ಯಾಜ್ಯ ೧೯೮೭ರಲ್ಲಿ ರಾಜಿಯಲ್ಲಿ ಮುಗಿದರೂ, ಮನೋವೈದ್ಯಕೀಯದಲ್ಲಿ ಅದು ಎಬ್ಬಿಸಿದ ಚರ್ಚೆ ದೊಡ್ಡದು. ತೀವ್ರ ಖಿನ್ನತೆ, ಸ್ಕಿಜೋಫ್ರೇನಿಯಾ, ಉನ್ಮಾದ ಮತ್ತು ಖಿನ್ನತೆಗಳು ಸರದಿಯಾಗಿ ಬರುವ ರೋಗ ಮೊದಲಾದವುಗಳಲ್ಲಿ ಔಷಧವನ್ನು ಬದಿಗಿಟ್ಟು ಕೇವಲ ಮಾತನ್ನು ನಂಬುವುದು ಅಪಾಯಕರ. ಆತ್ಮಹತ್ಯೆಯ ಯೋಚನೆ ಸುಳಿದಲ್ಲಿ ತಡಮಾಡದೆ ಮನೋವೈದ್ಯನನ್ನು ಕಾಣಬೇಕು.

ಇನ್ನೊಂದು ಬದಿಯ ಸಾಕ್ಷ್ಯವನ್ನೂ ತೂಗಬೇಕು. ೨೦೦೮ರಲ್ಲಿ ಲೈಕ್ಸೆನ್‌ರಿಂಗ್ ಮತ್ತು ರಾಬುಂಗ್ ೨೩ ಅಧ್ಯಯನಗಳ ೧೦೫೩ ರೋಗಿಗಳ ಫಲಿತಾಂಶಗಳನ್ನು ಒಟ್ಟುಗೂಡಿಸಿ, ಜಟಿಲವಾದ ಮನೋವ್ಯಾಧಿಗಳಲ್ಲಿ ದೀರ್ಘಾವಧಿಯ ಮನೋಗತಿಕ ಚಿಕಿತ್ಸೆ ಪರಿಣಾಮಕಾರಿಯೆಂದು ತೋರಿಸಿದರು. ಅವರ ಲೆಕ್ಕದ ಕ್ರಮಕ್ಕೆ ಟೀಕೆಗಳೂ ಬಂದವು. ಲಂಡನ್ನಿನ ಟ್ಯಾವಿಸ್ಟಾಕ್ ಸಂಸ್ಥೆಯಲ್ಲಿ ನಡೆದು ೨೦೧೫ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಇತರ ಚಿಕಿತ್ಸೆಗಳಿಗೆ ಬಗ್ಗದಿದ್ದ ಖಿನ್ನತೆಯ ೧೨೯ ರೋಗಿಗಳನ್ನು ಎರಡು ಗುಂಪು ಮಾಡಲಾಯಿತು. ಒಂದು ಗುಂಪಿಗೆ ವಾಡಿಕೆಯ ಚಿಕಿತ್ಸೆಯ ಜೊತೆಗೆ ೧೮ ತಿಂಗಳು ವಾರಕ್ಕೊಮ್ಮೆ ಈ ಚಿಕಿತ್ಸೆ, ಇನ್ನೊಂದಕ್ಕೆ ವಾಡಿಕೆಯ ಚಿಕಿತ್ಸೆ ಮಾತ್ರ. ಸಂಪೂರ್ಣ ಗುಣ ಎರಡರಲ್ಲೂ ವಿರಳವಾಗಿತ್ತು. ಚಿಕಿತ್ಸೆ ಮುಗಿದ ಕೂಡಲೇ ಈ ವಿಷಯದಲ್ಲಿ ಗಮನಾರ್ಹವಾದ ಅಂತರವಿರಲಿಲ್ಲ. ಎರಡು ವರ್ಷ ಕಳೆದ ಮೇಲೆ ನೋಡಿದಾಗ, ತೀವ್ರ ಖಿನ್ನತೆಯ ಲಕ್ಷಣಪಟ್ಟಿಯಿಂದ ಹೊರಬಂದವರು ಮೊದಲ ಗುಂಪಿನಲ್ಲಿ ಶೇಕಡ ೪೪, ಎರಡನೆಯದರಲ್ಲಿ ಶೇಕಡ ೧೦. ಮಾತು ಬಿತ್ತಿದ್ದು ತಡವಾಗಿ ಫಲಿಸುತ್ತದೆ; ಎಲ್ಲರಲ್ಲೂ ಫಲಿಸುವುದಿಲ್ಲ. 

ಈ ಮಿತಿಗಳೊಳಗೆ ಉಳಿಯುವ ಕೆಲಸವೇನೂ ಸಣ್ಣದಲ್ಲ. ನಿಘಂಟುಗಳಲ್ಲಿ ರೋಗಗಳ ಹೆಸರುಗಳಿವೆ, ರೋಗಿಗಳ ಮಾತುಗಳಿಲ್ಲ. ಯಾವ ಸೀಮೆಯವರು ಸಂಕಟವನ್ನು ಯಾವ ಮಾತಿನಿಂದ ಹೇಳುತ್ತಾರೆ, ಯಾರನ್ನು ಏನೆಂದು ಕರೆಯುತ್ತಾರೆ, ಒಂದೇ ಮಾತಿನಲ್ಲಿ ಎಷ್ಟು ಅರ್ಥಗಳು ಹೆಣೆದುಕೊಂಡಿವೆ ಎಂಬ ಪದಸಂಗ್ರಹವೊಂದನ್ನು ಹೊರನಾಡಿನ ಕನ್ನಡ ಸಂಘಗಳು ತಮ್ಮ ಊರಿನ ವೈದ್ಯರಿಗಾಗಿ ಸಿದ್ಧಪಡಿಸಬಲ್ಲವು. ಕನ್ನಡ, ತುಳು, ಕೊಂಕಣಿಗಳನ್ನು ಬಲ್ಲ ಮನೋವೈದ್ಯರ ಮತ್ತು ಮನಶ್ಶಾಸ್ತ್ರಜ್ಞರ ಪಟ್ಟಿಯನ್ನು ಇಟ್ಟುಕೊಳ್ಳಬಲ್ಲವು. ಮನೆಯವರಲ್ಲದ, ಗುಟ್ಟು ಕಾಯಬಲ್ಲ ದುಭಾಷಿಗಳನ್ನು ತರಬೇತುಗೊಳಿಸಬಲ್ಲವು. ಊರು ಬಿಟ್ಟು ಬಂದ ಮೇಲೆ ಮುಪ್ಪಿನಲ್ಲಿ ಮಕ್ಕಳ ಮನೆ ಸೇರಿದ ಎಷ್ಟೋ ತಾಯಂದಿರಿಗೆ ನೆರೆಯವರ ಭಾಷೆ ಬಾರದು, ಮೊಮ್ಮಕ್ಕಳಿಗೆ ಅವರ ಭಾಷೆ ಬಾರದು. ಅಂಥ ಒಬ್ಬಾಕೆ ಹೊಟ್ಟೆ ಉರಿಯುತ್ತದೆ ಎಂದಾಗ, ಅದರ ಮೂರು ಅರ್ಥಗಳನ್ನೂ ಒಟ್ಟಿಗೆ ಕೇಳಿಸಿಕೊಳ್ಳಬಲ್ಲ ಒಂದು ಕಿವಿ ಆ ಊರಿನಲ್ಲಿರಬೇಕು.